ತಾಳ್ಮೆಯ ಸರ್ಟಿಫಿಕೇಟು

ಅವಮಾನ ಪಟ್ಟವನನ್ನು ಹೊಗಳಿಯೇ ಬಾಯಿ ಮುಚ್ಚಿಸುವ ಒಂದು ವಿದ್ಯೆ ಇದೆ. ಹೊಡೆದು ಮುಚ್ಚಿಸುವುದಕ್ಕಿಂತ ಅದು ಸುಲಭ, ಖರ್ಚೂ ಕಡಿಮೆ. 'ಅಷ್ಟು ಬೈದರೂ ಒಂದು ಮಾತು ತಿರುಗಿ ಆಡಲಿಲ್ಲ, ಎಂಥ ದೊಡ್ಡ ಗುಣ' ಅಂದುಬಿಟ್ಟರೆ ಮುಗಿಯಿತು. ಬೈದವನು ಮೆಲ್ಲಗೆ ಹಿಂದಕ್ಕೆ ಸರಿದುಕೊಳ್ಳುತ್ತಾನೆ, ಬೈಸಿಕೊಂಡವನ ಗುಣ ನಡುಬೀದಿಗೆ ಬರುತ್ತದೆ. ವಿಚಾರಣೆ ಯಾರದ್ದು ನಡೆಯಬೇಕಿತ್ತು, ಯಾರದ್ದು ನಡೆಯಿತು ಅಂತ ಕೇಳುವವರೇ ಇರುವುದಿಲ್ಲ. ನಿಮ್ಮಲ್ಲಿ ಮೇಷ್ಟ್ರಾಗಿರುವವರಿಗೆ ಇದು ಗೊತ್ತು. ದೂರು ಹೇಳದ ಹುಡುಗನೇ ಕ್ಲಾಸಿನಲ್ಲಿ ಒಳ್ಳೇ ಹುಡುಗ.

ಇಂಥದೊಂದು ಸರ್ಟಿಫಿಕೇಟು ಇಂಗ್ಲೆಂಡಿನ ವಾಲ್ಟರ್ ಟಲ್ ಎಂಬ ಫುಟ್‌ಬಾಲ್ ಆಟಗಾರನಿಗೆ 1909ರಲ್ಲಿ ಸಿಕ್ಕಿತು. ಕೊಟ್ಟವನು ದುಷ್ಟನಲ್ಲ, ಒಳ್ಳೆಯ ಮನಸ್ಸಿನ ಒಬ್ಬ ಪತ್ರಿಕಾ ವರದಿಗಾರ. ದುಷ್ಟ ಕೊಟ್ಟಿದ್ದರೆ ಇಷ್ಟು ತಲೆ ಕೆಡಿಸಿಕೊಳ್ಳಬೇಕಾಗಿರಲಿಲ್ಲ.

ಮೊದಲು ಆಟಗಾರನ ವಿಚಾರ. ಟಲ್ ಹುಟ್ಟಿದ್ದು 1888ರ ಏಪ್ರಿಲ್‌ನಲ್ಲಿ, ಇಂಗ್ಲೆಂಡಿನ ದಕ್ಷಿಣದ ಕಡಲ ದಂಡೆಯ ಫೋಕ್‌ಸ್ಟನ್ ಊರಿನಲ್ಲಿ. ಅಪ್ಪ ಡೇನಿಯಲ್ ಟಲ್ ಬಡಗಿ, ಬಾರ್ಬಡೋಸ್ ದ್ವೀಪದಿಂದ 1876ರಲ್ಲಿ ಬಂದವನು. ತಾಯಿ ಆಲಿಸ್ ಪಾಮರ್ ಅದೇ ಕೆಂಟ್ ಸೀಮೆಯ ಬಿಳಿಯ ಹೆಣ್ಣುಮಗಳು. ಡೇನಿಯಲ್‌ನ ಅಪ್ಪ ಬಾರ್ಬಡೋಸಿನಲ್ಲಿ ಗುಲಾಮನಾಗಿದ್ದವನು. ಆ ದ್ವೀಪ ಅಂದರೆ ಕಬ್ಬು, ಸಕ್ಕರೆ, ಚಾಟಿ. ಬ್ರಿಟಿಷ್ ಪಾರ್ಲಿಮೆಂಟು 1833ರಲ್ಲಿ ಗುಲಾಮಗಿರಿ ತೆಗೆಯುವ ಕಾನೂನು ಮಾಡಿದಾಗ ಇಪ್ಪತ್ತು ಮಿಲಿಯನ್ ಪೌಂಡು ಪರಿಹಾರ ಕೊಟ್ಟಿತು. ಯಾರಿಗೆ? ಒಡೆಯರಿಗೆ. ಅವರ ಆಸ್ತಿ ಹೋಯಿತಲ್ಲ, ಪಾಪ! ಬಿಡುಗಡೆಯಾದವರಿಗೆ ಒಂದು ಕಾಸೂ ಇಲ್ಲ, ಇನ್ನೂ ಕೆಲವು ವರ್ಷ ಅದೇ ಒಡೆಯನ ತೋಟದಲ್ಲಿ ಬಿಟ್ಟಿ ದುಡಿಯಬೇಕೆಂಬ ಕರಾರು ಮಾತ್ರ. ಆ ಪರಿಹಾರಕ್ಕಾಗಿ ಸರಕಾರ ಮಾಡಿದ ಸಾಲ ಪೂರ್ತಿ ತೀರಿದ್ದು 2015ರಲ್ಲಿ. ಅಂದರೆ ಬ್ರಿಟನ್ನಿನಲ್ಲಿ ನೆಲೆಸಿ ತೆರಿಗೆ ಕಟ್ಟಿದ ಗುಲಾಮರ ಮರಿಮಕ್ಕಳೂ ಆ ಸಾಲಕ್ಕೆ ತಮ್ಮ ಪಾಲು ಕೊಟ್ಟರು.

ಟಲ್‌ಗೆ ಏಳು ತುಂಬುವ ಹೊತ್ತಿಗೆ, 1895ರಲ್ಲಿ, ತಾಯಿ ಸತ್ತಳು. 1897ರಲ್ಲಿ ಅಪ್ಪನೂ ಹೋದ. ಮಲತಾಯಿಗೆ ಅಷ್ಟು ಮಕ್ಕಳನ್ನು ಸಾಕುವ ಶಕ್ತಿ ಇಲ್ಲ. ವಾಲ್ಟರ್‌ನನ್ನೂ ಅಣ್ಣ ಎಡ್ವರ್ಡ್‌ನನ್ನೂ ಲಂಡನ್ನಿನ ಬೆತ್ನಲ್ ಗ್ರೀನ್‌ನಲ್ಲಿದ್ದ ಮೆಥಡಿಸ್ಟರ ಅನಾಥಾಲಯಕ್ಕೆ ಸೇರಿಸಿದರು. ಎಡ್ವರ್ಡ್‌ನನ್ನು ಗ್ಲಾಸ್ಗೋದ ಒಂದು ಕುಟುಂಬ ದತ್ತು ತೆಗೆದುಕೊಂಡಿತು. ಅವನು ಮುಂದೆ ಹಲ್ಲಿನ ಡಾಕ್ಟರಾದ. ವಾಲ್ಟರ್ ಅನಾಥಾಲಯದಲ್ಲೇ ಉಳಿದು ಪ್ರಿಂಟಿಂಗ್ ಕೆಲಸ ಕಲಿತ, ಅಲ್ಲಿನ ಟೀಮಿನಲ್ಲಿ ಚೆಂಡು ಆಡಿದ.

1908ರಲ್ಲಿ ಕ್ಲಾಪ್ಟನ್ ಎಂಬ ಹವ್ಯಾಸಿ ಕ್ಲಬ್ಬು ಅವನನ್ನು ಕರೆದುಕೊಂಡಿತು. ಒಂದೇ ಸೀಸನ್ನಿನಲ್ಲಿ ಆ ಕ್ಲಬ್ಬು ಮೂರು ಕಪ್ಪು ಗೆದ್ದಿತು. ಮರು ವರ್ಷ, ಇಪ್ಪತ್ತೊಂದನೇ ವಯಸ್ಸಿಗೆ, ಟಾಟನ್‌ಹ್ಯಾಮ್ ಹಾಟ್‌ಸ್ಪರ್ ಕ್ಲಬ್ಬು ಅವನನ್ನು ಸಂಬಳದ ಆಟಗಾರನಾಗಿ ಸೇರಿಸಿಕೊಂಡಿತು. ಆ ಕ್ಲಬ್ಬಿಗೂ ಇಂಗ್ಲೆಂಡಿನ ಮೊದಲ ದರ್ಜೆಯ ಲೀಗಿನಲ್ಲಿ ಅದೇ ಮೊದಲ ವರ್ಷ. ಆ ದರ್ಜೆಯಲ್ಲಿ ಅದುವರೆಗೆ ಆಡಿದ್ದ ಕಪ್ಪು ಜನರನ್ನು ಒಂದು ಕೈಯ ಬೆರಳಲ್ಲಿ ಎಣಿಸಬಹುದಿತ್ತು. ಸೇರುವಾಗ ಹತ್ತು ಪೌಂಡು, ಆಮೇಲೆ ವಾರಕ್ಕೆ ನಾಲ್ಕು ಪೌಂಡು. ಆಗಿನ ನಿಯಮ ಒಪ್ಪುತ್ತಿದ್ದ ಗರಿಷ್ಠ ಮೊತ್ತ ಅದು. ನೀನು ಎಷ್ಟೇ ದೊಡ್ಡ ಆಟಗಾರನಾಗು, ಗೇಟಿನಲ್ಲಿ ಎಷ್ಟೇ ಸಾವಿರ ಜನ ದುಡ್ಡು ಕೊಟ್ಟು ಒಳಗೆ ಬರಲಿ, ನಾಲ್ಕರ ಮೇಲೆ ಇಲ್ಲ.

ನಾಲ್ಕು ಪೌಂಡು ಆ ಕಾಲಕ್ಕೆ ಕೆಟ್ಟ ಕೂಲಿಯಲ್ಲ, ಗಿರಣಿಯ ಆಳಿಗೆ ಅದರ ಅರ್ಧ ಸಿಕ್ಕರೆ ಹೆಚ್ಚು. ಹಗ್ಗ ಇದ್ದದ್ದು ಬೇರೆ ಕಡೆ. ಒಂದು ಸಲ ಒಂದು ಕ್ಲಬ್ಬಿನ ಹೆಸರಿಗೆ ದಾಖಲಾದ ಆಟಗಾರ, ಆ ಕ್ಲಬ್ಬು ಬಿಟ್ಟುಕೊಡುವ ತನಕ ಲೀಗಿನ ಇನ್ನೊಂದು ಕ್ಲಬ್ಬಿಗೆ ಆಡುವ ಹಾಗಿಲ್ಲ. ಒಪ್ಪಂದದ ವರ್ಷ ಮುಗಿದರೂ ಅಷ್ಟೆ. ಬಿಡುವುದಾದರೆ ಬೆಲೆ ಕಟ್ಟಿ ಬಿಡುತ್ತಿದ್ದರು. 1905ರಲ್ಲಿ ಆಲ್ಫ್ ಕಾಮನ್ ಎಂಬಾತನನ್ನು ಸಂಡರ್‌ಲ್ಯಾಂಡ್ ಕ್ಲಬ್ಬು ಮಿಡ್ಲ್ಸ್‌ಬರೋ ಕ್ಲಬ್ಬಿಗೆ ಸಾವಿರ ಪೌಂಡಿಗೆ ಕೊಟ್ಟಿತು. ದೇಶವೇ ಬೆಚ್ಚಿತು, ಮನುಷ್ಯನಿಗೆ ಬೆಲೆ ಕಟ್ಟಿದ್ದಕ್ಕಲ್ಲ, ಬೆಲೆ ಜಾಸ್ತಿಯಾಯಿತು ಅಂತ. ಕೂಲಿಯ ಮಿತಿ ಹೋಗಲು 1961 ಬರಬೇಕಾಯಿತು. ಆ ಹಗ್ಗ ಕಾನೂನಿಗೆ ಒಪ್ಪುವಂಥದಲ್ಲ ಅಂತ ಕೋರ್ಟು ಹೇಳಿದ್ದು 1963ರಲ್ಲಿ, ಜಾರ್ಜ್ ಈಸ್ಟ್‌ಹ್ಯಾಮ್ ಎಂಬ ಆಟಗಾರ ನ್ಯೂಕ್ಯಾಸಲ್ ಕ್ಲಬ್ಬಿನ ಮೇಲೆ ಮೊಕದ್ದಮೆ ಹೂಡಿದ ಮೇಲೆ.

ಇದೂ ಗುಲಾಮಗಿರಿಯೂ ಒಂದೇ ಅಂತ ನಾನು ಹೇಳುತ್ತಿಲ್ಲ. ಹಾಗೆ ಹೇಳಿದರೆ ಕಬ್ಬಿನ ತೋಟದಲ್ಲಿ ಸತ್ತವರಿಗೆ ದ್ರೋಹ. ಚೆಂಡಿನವನು ಬೇಡ ಅಂದರೆ ಆಟ ಬಿಟ್ಟು ಪ್ರಿಂಟಿಂಗ್ ಪ್ರೆಸ್ಸಿಗೆ ಹೋಗಬಹುದಿತ್ತು, ಗುಲಾಮನಿಗೆ ಆ ಬಾಗಿಲೂ ಇಲ್ಲ. ಆದರೆ ಟಲ್ ಮೈದಾನಕ್ಕೆ ಇಳಿದಾಗ ಅವನ ಕಾಲಿನಲ್ಲಿ ಈ ಹಗ್ಗ ಇತ್ತು ಅನ್ನುವುದನ್ನು ಮರೆಯಬೇಡಿ. ತಾಳ್ಮೆಯ ಮಾತು ಬಂದಾಗ ಇದು ಬೇಕಾಗುತ್ತದೆ.

ಆಟಗಾರನಾಗಿ ಅವನು ಹೇಗಿದ್ದ? ಆ ಸೀಸನ್ನಿನ ಮೊದಲ ವಾರಗಳಲ್ಲೇ ಲಂಡನ್ನಿನ ಒಂದು ದಿನಪತ್ರಿಕೆಯವನು ಬೆರಗಾಗಿ ಬರೆದ. ಅವನು ಮೆಚ್ಚಿದ್ದು ಓಟವನ್ನಲ್ಲ. ಚೆಂಡು ಕಾಲಿಗೆ ಬಂದ ಮೇಲೆ ಟಲ್ ಕಣ್ಣು ಮಿಟುಕಿಸುವಷ್ಟು ಹೊತ್ತು ಕಾಯುತ್ತಾನೆ. ಎದುರಾಳಿ ಅವಸರಪಟ್ಟು ತಪ್ಪು ಜಾಗಕ್ಕೆ ಹೆಜ್ಜೆ ಇಡುವ ತನಕ ಕಾಯುತ್ತಾನೆ. ಆಮೇಲೆ, ಎಷ್ಟು ಬಲ ಬೇಕೋ ಅಷ್ಟೇ ಬಲ ಹಾಕಿ ಚೆಂಡನ್ನು ಜೊತೆಯವನಿಗೆ ದಾಟಿಸುತ್ತಾನೆ. ಆ ತಣ್ಣಗಿನ ನಿಲುವನ್ನು ಬಹಳ ಕಾಲದಿಂದ ಕಂಡಿರಲಿಲ್ಲ ಅಂತ ಆ ಪತ್ರಿಕೆಯವನ ಅಭಿಪ್ರಾಯ. ಇದು ಸರಿಯಾದ ಹೊಗಳಿಕೆ. ಕಸುಬುದಾರನ ಕಸುಬು ಕಂಡು ಆಡಿದ ಮಾತು. ನೇಗಿಲು ಹಿಡಿದವನ ಸಾಲು ನೋಡಿ 'ಭಲೇ' ಅಂದಹಾಗೆ.

1909ರ ಅಕ್ಟೋಬರ್ ತಿಂಗಳಲ್ಲಿ ಟಾಟನ್‌ಹ್ಯಾಮ್ ತಂಡ ಬ್ರಿಸ್ಟಲ್‌ಗೆ ಹೋಯಿತು, ಬ್ರಿಸ್ಟಲ್ ಸಿಟಿ ತಂಡದ ಮೇಲೆ ಆಡುವುದಕ್ಕೆ.

ಬ್ರಿಸ್ಟಲ್ ಬಂದರಿನ ಊರು. ಅಲ್ಲಿಂದ ಹೊರಟ ಹಡಗುಗಳು ಆಫ್ರಿಕಾದ ಕರಾವಳಿಯಲ್ಲಿ ಜನರನ್ನು ತುಂಬಿಕೊಂಡು ಬಾರ್ಬಡೋಸ್, ಜಮೈಕಾ ಕಡೆಗೆ ಸಾಗಿಸಿ, ಸಕ್ಕರೆ ಹೇರಿಕೊಂಡು ಬರುತ್ತಿದ್ದವು. ಊರು ಬೆಳೆದದ್ದರಲ್ಲಿ ಆ ದುಡ್ಡಿನ ಪಾಲು ದೊಡ್ಡದು. ಆ ವ್ಯಾಪಾರ ನಡೆಸಿದ ಕಂಪೆನಿಯಲ್ಲಿದ್ದ ಎಡ್ವರ್ಡ್ ಕಾಲ್ಸ್ಟನ್ ಎಂಬಾತನಿಗೆ 1895ರಲ್ಲಿ ಊರ ನಡುವೆ ಕಂಚಿನ ವಿಗ್ರಹ ನಿಲ್ಲಿಸಿದ್ದರು, ಧರ್ಮಕಾರ್ಯ ಮಾಡಿದ ಪುಣ್ಯಾತ್ಮ ಅಂತ. ಬಾರ್ಬಡೋಸಿನ ಗುಲಾಮನ ಮೊಮ್ಮಗ ಚೆಂಡಾಡಲು ಬಂದ ಊರಿನಲ್ಲಿ ಆ ವಿಗ್ರಹ ಆಗ ತಣ್ಣಗೆ ನಿಂತಿತ್ತು. ಜನ ಅದನ್ನು ಕಿತ್ತು, ಉರುಳಿಸಿಕೊಂಡು ಹೋಗಿ ಅದೇ ಬಂದರಿನ ನೀರಿಗೆ ಹಾಕಿದ್ದು 2020ರ ಜೂನ್ ತಿಂಗಳಲ್ಲಿ.

ಆ ದಿನ ಮೈದಾನದ ಒಂದು ಕಡೆಯಿಂದ ಟಲ್‌ನ ಬಣ್ಣ ಹಿಡಿದು ಬೈಗುಳ ಬಂತು. ಫುಟ್‌ಬಾಲ್ ಪತ್ರಿಕೆಯ ವರದಿಗಾರನೊಬ್ಬ ಅದನ್ನು ಮುಚ್ಚಿಡದೆ ಬರೆದ. ಅದಕ್ಕೆ ಅವನಿಗೆ ನಮಸ್ಕಾರ, ಅವನು ಬರೆಯದಿದ್ದರೆ ಇವತ್ತು ನಮಗೆ ತಿಳಿಯುತ್ತಲೇ ಇರಲಿಲ್ಲ. ಬೈದವರನ್ನು ಪುಂಡರು ಅಂತಲೇ ಕರೆದ. ಆ ಭಾಷೆ ಬಿಲ್ಲಿಂಗ್ಸ್‌ಗೇಟ್ ಭಾಷೆಗಿಂತ ಕೀಳು ಅಂದ. ಸುಮಾರು ಇಪ್ಪತ್ತು ಸಾವಿರ ಜನರಲ್ಲಿ ಬೈದವರು ಕೆಲವೇ ಮಂದಿ ಅಂತ ಸಮಾಧಾನ ಹೇಳಿದ. ಕೊನೆಗೆ ಸರ್ಟಿಫಿಕೇಟು: ಟಲ್‌ನ ಮನಸ್ಸೂ ಆಟದ ರೀತಿಯೂ ಎಷ್ಟು ಶುಭ್ರವೆಂದರೆ, ಚೆಂಡಾಡುವ ಬಿಳಿಯರೆಲ್ಲರಿಗೂ ಅವನು ಮಾದರಿ. ಆ ದಿನ ಮೈದಾನದಲ್ಲಿದ್ದ ಮುಂಚೂಣಿ ಆಟಗಾರರಲ್ಲಿ ಸಾಮರ್ಥ್ಯದಲ್ಲಿ ಅವನೇ ಮೇಲು ಅಂತಲೂ ಬರೆದ.

ಮೂರು ಮಾತು, ಮೂರನ್ನೂ ಬಿಡಿಸಿ ನೋಡಬೇಕು.

ಬಿಲ್ಲಿಂಗ್ಸ್‌ಗೇಟ್ ಅಂದರೆ ಲಂಡನ್ನಿನ ಮೀನು ಮಾರ್ಕೆಟ್ಟು. ಅಲ್ಲಿ ಮೀನು ಮಾರುವ ಹೆಂಗಸರ ಬಾಯಿ ಹೊಲಸು ಅಂತ ಇಂಗ್ಲಿಷಿನಲ್ಲಿ ಗಾದೆಯ ಹಾಗೆ ಬಳಸುತ್ತಾರೆ. ಒಬ್ಬ ಅವಮಾನಿತನ ಪರ ಮಾತಾಡಲು ಹೊರಟವನಿಗೆ, ಚಳಿಯಲ್ಲಿ ಮೀನು ಹೊತ್ತು ಬದುಕುವ ಬಡ ಹೆಂಗಸರ ಬಾಯಿಯೇ ಹೊಲಸಿನ ಅಳತೆಗೋಲಾಗಿ ಸಿಕ್ಕಿತು. ಮೀನು ಮಾರುವವಳು ಬಣ್ಣ ನೋಡಿ ಬೈಯುವುದಕ್ಕೆ ಹಡಗು ಕಟ್ಟಿದವಳಲ್ಲ, ವಿಗ್ರಹ ನಿಲ್ಲಿಸಿದವಳೂ ಅಲ್ಲ. ಆ ಬೈಗುಳ ಎಲ್ಲಿಂದ ಬಂತು ಅಂತ ಹುಡುಕಬೇಕಾದರೆ ಬಂದರಿನ ಲೆಕ್ಕದ ಪುಸ್ತಕ ತೆಗೆಯಬೇಕು, ಮೀನಿನ ಬುಟ್ಟಿಯನ್ನಲ್ಲ.

ಎರಡನೆಯದು, ಕೆಲವೇ ಮಂದಿ. ಇರಬಹುದು. ಆದರೆ ಮಿಕ್ಕ ಹತ್ತೊಂಬತ್ತು ಸಾವಿರದ ಚಿಲ್ಲರೆ ಜನ ವರದಿಯಲ್ಲಿ ಏನು ಮಾಡುತ್ತಿದ್ದಾರೆ? ಏನೂ ಇಲ್ಲ, ಲೆಕ್ಕಕ್ಕೆ ಮಾತ್ರ ಇದ್ದಾರೆ. ಬೈದವರು ಕಡಿಮೆ ಅಂತ ತೋರಿಸುವುದಕ್ಕೆ ಇವರ ತಲೆ ಎಣಿಸಿದ್ದಾರೆ. ಕೆಲವರು ಬೈಯುವುದು, ಉಳಿದವರು ಕೇಳಿಸಿಕೊಂಡು ಆಟ ನೋಡುವುದು, ಇದು ಲೋಕದಲ್ಲಿ ನಡೆದುಕೊಂಡು ಬಂದದ್ದೇ. ಅವಮಾನಕ್ಕೆ ಇಪ್ಪತ್ತು ಸಾವಿರ ಬಾಯಿ ಬೇಕಾಗಿಲ್ಲ. ಇಪ್ಪತ್ತು ಬಾಯಿ ಸಾಕು, ಉಳಿದ ಕಿವಿಗಳು ಸುಮ್ಮನಿದ್ದರೆ ಆಯಿತು. ಈ ಹತ್ತೊಂಬತ್ತು ಸಾವಿರದ ಮೌನಕ್ಕೆ ತಾಳ್ಮೆ ಅಂತ ಯಾರೂ ಹೆಸರಿಡಲಿಲ್ಲ, ನೋಡಿ. ಆ ಹೆಸರು ಒಬ್ಬನ ಮೌನಕ್ಕೆ ಮಾತ್ರ ಮೀಸಲು.

ಇನ್ನು ಮೂರನೆಯದು, ಮಾದರಿ. ಬೈದವರು ಬಿಳಿಯರು, ಪಾಠ ಆಗಬೇಕಾದವನು ಕಪ್ಪು ಮನುಷ್ಯ. ಅವನು ಬರೀ ಆಡಿದರೆ ಸಾಲದು, ಆಡುತ್ತಲೇ ಬಿಳಿಯರಿಗೆ ನೀತಿಯನ್ನೂ ಕಲಿಸಬೇಕು. ಆ ಕೆಲಸಕ್ಕೆ ಬೇರೆ ಕೂಲಿ ಇಲ್ಲ, ಅದೇ ನಾಲ್ಕು ಪೌಂಡು. ಅವನ ಮನಸ್ಸು ಶುಭ್ರವಾಗಿದ್ದರಿಂದ ಬೈದದ್ದು ತಪ್ಪು ಎಂಬ ಧಾಟಿ ಈ ಹೊಗಳಿಕೆಯ ಒಳಗೆ ಕೂತಿದೆ. ಅವನು ಒರಟನಾಗಿದ್ದರೆ? ಎದುರಾಳಿಯ ಕಾಲಿಗೆ ಒದೆಯುವವನಾಗಿದ್ದರೆ? ಆ ದಿನ ಕೆಟ್ಟದಾಗಿ ಆಡಿದ್ದರೆ? ಆಗ ಬೈಗುಳ ಸರಿಯಾಗುತ್ತಿತ್ತೇ? ಮನುಷ್ಯನನ್ನು ಮನುಷ್ಯ ಅಂತ ಕಾಣುವುದಕ್ಕೆ ಗುಣದ ಪರೀಕ್ಷೆ ಪಾಸಾಗಬೇಕು ಅನ್ನುವುದಾದರೆ ಬೈದವರಲ್ಲಿ ಎಷ್ಟು ಜನ ಪಾಸಾಗುತ್ತಿದ್ದರು? ಅವರಿಗೆ ಪರೀಕ್ಷೆಯೇ ಇಲ್ಲ. ಟಿಕೆಟ್ಟು ಇದ್ದರೆ ಸಾಕು.

ತಾಳ್ಮೆ ಗುಣ ಅಂತ ಅನ್ನಿಸಿಕೊಳ್ಳಬೇಕಾದರೆ ಸಿಟ್ಟಿಗೂ ದಾರಿ ಇರಬೇಕು. ತಿರುಗಿ ಬೈಯಲು ಆಗುವವನು ಬೈಯದೆ ಬಿಟ್ಟರೆ ಅದನ್ನು ತೂಗಬಹುದು. ಟಲ್ ಅವತ್ತು ಜನರ ಕಡೆ ತಿರುಗಿ ಒಂದು ಮಾತು ಅಂದಿದ್ದರೆ ಅವನ ಕೂಲಿ, ಅವನ ಹೆಸರು, ಮುಂದಿನ ಶನಿವಾರದ ಆಟ ಎಲ್ಲವೂ ಕ್ಲಬ್ಬಿನ ಕೈಯಲ್ಲಿತ್ತು. ಬೇರೆ ಕ್ಲಬ್ಬಿಗೆ ಹೋಗುತ್ತೇನೆ ಅಂತ ಎದ್ದು ನಡೆಯುವ ಹಾಗೂ ಇಲ್ಲ. ತಕ್ಕಡಿಯ ಒಂದು ತಟ್ಟೆಯನ್ನು ಕಿತ್ತು ಬಚ್ಚಿಟ್ಟು, ಇನ್ನೊಂದು ತಟ್ಟೆ ಎಷ್ಟು ಭಾರ ನೋಡಿ ಅಂತ ತೋರಿಸುವುದು ಎಂಥ ವ್ಯಾಪಾರ?

ಇಲ್ಲಿ ಒಂದು ಕಡೆ ಕಾಲು ಜಾರುವ ಅಪಾಯವೂ ಇದೆ. 'ಪಾಪ, ಬೇರೆ ಗತಿ ಇಲ್ಲದೆ ಸುಮ್ಮನಿದ್ದ' ಅಂತ ನಾವು ಅಂದುಬಿಟ್ಟರೆ ಅದೂ ಅವನ ಮೇಲೆ ಇನ್ನೊಂದು ಸವಾರಿಯೇ. ವರದಿಗಾರ ಅವನನ್ನು ಸಂತ ಮಾಡಿದ, ನಾವು ಅವನನ್ನು ಬಲಿಪಶು ಮಾಡುತ್ತೇವೆ. ಇಬ್ಬರ ಕೈಯಲ್ಲೂ ಆಟಗಾರ ಕಳೆದುಹೋಗುತ್ತಾನೆ. ಅವತ್ತು ಅವನು ಮಾಡಿದ್ದು ಇಷ್ಟು: ಆಟ ಬಿಡಲಿಲ್ಲ, ಮತ್ತು ಚೆನ್ನಾಗಿ ಆಡಿದ. ಎದುರಾಳಿ ತಪ್ಪು ಹೆಜ್ಜೆ ಇಡುವ ತನಕ ಚೆಂಡನ್ನು ಕಾಲಿನಲ್ಲಿ ಹಿಡಿದು ನಿಲ್ಲುವ ಆ ತಣ್ಣಗಿನ ಬುದ್ಧಿ ಅವನದು, ಅವನ ಸ್ವಂತ ದುಡಿಮೆ. ಅದಕ್ಕೂ ಬೈಗುಳ ಸಹಿಸುವುದಕ್ಕೂ ಸಂಬಂಧ ಕಲ್ಪಿಸಿದ್ದು ನೋಡಿದವರು. ಕಾಲಿನ ಕಸುಬನ್ನು ಕದ್ದು ಸಹನೆಯ ಲೆಕ್ಕಕ್ಕೆ ಬರೆದುಕೊಂಡರು.

ಬ್ರಿಸ್ಟಲ್ ಆಟದ ನಂತರ ಟಾಟನ್‌ಹ್ಯಾಮಿನ ಮೊದಲ ತಂಡದಲ್ಲಿ ಅವನು ಕಾಣಿಸಿಕೊಂಡದ್ದು ಅಪರೂಪ. ಎರಡು ಸೀಸನ್ನಿನಲ್ಲಿ ಒಟ್ಟು ಹತ್ತು ಲೀಗ್ ಪಂದ್ಯ, ಎರಡು ಗೋಲು. ಉಳಿದದ್ದೆಲ್ಲ ಎರಡನೇ ತಂಡದಲ್ಲಿ. ಬಿಳಿಯರಿಗೆಲ್ಲ ಮಾದರಿಯಾದವನಿಗೆ ಬಿಳಿಯರ ಜೊತೆ ಮೊದಲ ಹನ್ನೊಂದರಲ್ಲಿ ಜಾಗ ಇರಲಿಲ್ಲ. ಬೈದವರು ಮುಂದಿನ ಶನಿವಾರವೂ ತಮ್ಮ ಜಾಗದಲ್ಲೇ ನಿಂತಿದ್ದರೋ ಏನೋ, ಅವರನ್ನು ಯಾರು ತಡೆಯಬೇಕು?

1911ರ ಅಕ್ಟೋಬರಿನಲ್ಲಿ ನಾರ್ಥಾಂಪ್ಟನ್ ಊರಿನ ಕ್ಲಬ್ಬು ದೊಡ್ಡ ಮೊತ್ತ ಕೊಟ್ಟು, ಜೊತೆಗೆ ತನ್ನ ಒಬ್ಬ ಆಟಗಾರನನ್ನೂ ಬದಲಿಗೆ ಕಳಿಸಿ, ಟಲ್‌ನನ್ನು ತೆಗೆದುಕೊಂಡಿತು. ಅಲ್ಲಿನ ಮ್ಯಾನೇಜರು ಹರ್ಬರ್ಟ್ ಚಾಪ್ಮನ್, ಮುಂದೆ ಹಡರ್ಸ್‌ಫೀಲ್ಡಿನಲ್ಲೂ ಆರ್ಸೆನಲ್‌ನಲ್ಲೂ ದೊಡ್ಡ ಹೆಸರು ಮಾಡಿದವನು. ಅವನು ಟಲ್‌ನನ್ನು ಮುಂಚೂಣಿಯಿಂದ ತೆಗೆದು ಹಾಫ್‌ಬ್ಯಾಕ್ ಜಾಗಕ್ಕೆ ತಂದ. ಚೆಂಡನ್ನು ತಡೆದು ಹಿಡಿದು ಹಂಚುವ ಆ ಜಾಗ ಅವನ ಕೈಹಿಡಿಯಿತು. ಅಲ್ಲಿ ನೂರಕ್ಕೂ ಹೆಚ್ಚು ಪಂದ್ಯ ಆಡಿದ. ಅದು ಕೆಳಗಿನ ಮಟ್ಟದ ಲೀಗು, ನಿಜ. ಆದರೆ ಅವನಿಗೆ ಅಲ್ಲಿ ಪ್ರತಿ ವಾರ ಕೆಲಸ ಇತ್ತು.

1914ರಲ್ಲಿ ಯುದ್ಧ ಬಂತು. ಡಿಸೆಂಬರಿನಲ್ಲಿ ಟಲ್, ಮಿಡ್ಲ್‌ಸೆಕ್ಸ್ ರೆಜಿಮೆಂಟಿನ ಫುಟ್‌ಬಾಲ್ ಆಟಗಾರರ ದಳಕ್ಕೆ ಸೇರಿದ. ಸಾರ್ಜೆಂಟ್ ಆದ. 1916ರಲ್ಲಿ ಶೆಲ್ಲುಗಳ ಸದ್ದಿಗೆ ಮನಸ್ಸು ಕೆಟ್ಟು ಆಸ್ಪತ್ರೆಗೆ ಬಂದ, ಮತ್ತೆ ಹೋದ, ಸೋಮ್ ಕದನದಲ್ಲಿ ಇದ್ದ, ಕಂದಕದ ಜ್ವರ ಹಿಡಿದು ಮತ್ತೆ ಮರಳಿದ. ಕಲ್ಲಿನ ಮೂರ್ತಿ ಮಾಡುವವರು ಈ ಆಸ್ಪತ್ರೆಯ ಮಾತನ್ನು ಬೇಗ ದಾಟಿಸುತ್ತಾರೆ. ಆಗಿನ ಸೈನ್ಯದ ನಿಯಮದ ಪ್ರಕಾರ ಅಧಿಕಾರಿಯಾಗಲು ಶುದ್ಧ ಯುರೋಪಿಯನ್ ವಂಶದವನೇ ಆಗಬೇಕಿತ್ತು. ಆದರೂ 1917ರ ಮೇ ತಿಂಗಳಲ್ಲಿ ಅವನನ್ನು ಸೆಕೆಂಡ್ ಲೆಫ್ಟಿನೆಂಟ್ ಮಾಡಿದರು. ಅಧಿಕಾರಿಗಳು ಸತ್ತು ಸತ್ತು ಕೊರತೆ ಬಿದ್ದಿತ್ತು. ಸಾವು ಹೆಚ್ಚಾದ ಕಡೆ ಶುದ್ಧದ ಮಾತು ಸ್ವಲ್ಪ ಸಡಿಲವಾಗುತ್ತದೆ. ಅವನೇ ಮೊದಲಿಗ ಅಂತ ಬಹಳ ಕಾಲ ಹೇಳಿದರು. ಅವನಿಗಿಂತ ಮುಂಚೆ, 1914ರಲ್ಲೇ, ಜಮೈಕಾ ಮೂಲದ ಯೂವಾನ್ ಲೂಸಿ-ಸ್ಮಿತ್ ಎಂಬ ಮಿಶ್ರ ಸಂತಾನದ ಯುವಕ ಅಧಿಕಾರಿಯಾಗಿ 1915ರಲ್ಲಿ ಸತ್ತದ್ದು ಆಮೇಲೆ ತಿಳಿಯಿತು. ಮೊದಲಿಗ ಯಾರು ಎಂಬ ಪಂದ್ಯದಲ್ಲಿ ನನಗೆ ಆಸಕ್ತಿ ಇಲ್ಲ. ಬಾಗಿಲು ಹಾಕಿದವನ ಹೆಸರು ಕೇಳುವುದು ಬಿಟ್ಟು ಸಂದಿಯಲ್ಲಿ ನುಸುಳಿದವರ ಹೆಸರು ಎಣಿಸುತ್ತಾ ಕೂರುವ ಆಟ ಅದು.

ತನ್ನ ಅಜ್ಜನನ್ನು ಆಸ್ತಿ ಅಂತ ಲೆಕ್ಕ ಹಾಕಿದ ಸಾಮ್ರಾಜ್ಯಕ್ಕೆ ಇವನು ಯಾಕೆ ಕಾದಾಡಬೇಕಿತ್ತು ಅಂತ ಕೇಳುವವರಿದ್ದಾರೆ. ಕೇಳಬೇಕಾದ ಪ್ರಶ್ನೆಯೇ. ನನಗೂ ಆ ಯೂನಿಫಾರ್ಮಿನ ಮೇಲೆ ಪ್ರೀತಿ ಇಲ್ಲ. ಆದರೆ ಆ ವರ್ಷಗಳಲ್ಲಿ ಅವನು ಮಾಡಿದ ಒಂದು ಕೆಲಸ ಮಾತ್ರ ನನ್ನ ಕಣ್ಣ ಮುಂದಿನಿಂದ ಹೋಗುವುದಿಲ್ಲ. 1918ರ ಹೊಸ ವರ್ಷದ ದಿನಗಳಲ್ಲಿ, ಇಟಲಿಯ ಪಿಯಾವೆ ನದಿ. ಕೊರೆಯುವ ಚಳಿ, ಸೆಳೆತದ ನೀರು, ಆಚೆ ದಡದಲ್ಲಿ ಶತ್ರು. ರಾತ್ರಿ ಇಪ್ಪತ್ತಾರು ಜನರನ್ನು ಕಟ್ಟಿಕೊಂಡು ನದಿ ದಾಟಿದ, ದಾಳಿ ಮಾಡಿದ, ಇಪ್ಪತ್ತಾರು ಜನರನ್ನೂ ವಾಪಸು ಕರೆದುಕೊಂಡು ಬಂದ. ಒಬ್ಬನೂ ಸಾಯಲಿಲ್ಲ. ಜನರಲ್ ಅವನ ಧೈರ್ಯವನ್ನೂ ತಣ್ಣಗಿನ ಮನಸ್ಸನ್ನೂ ಕಾಗದದಲ್ಲಿ ಹೊಗಳಿದ. ಮತ್ತೆ ಅದೇ ಮಾತು, ತಣ್ಣಗೆ. ಆದರೆ ಈ ಸಲ ಅದು ಬೈಸಿಕೊಂಡು ಸುಮ್ಮನಿದ್ದವನ ತಣ್ಣಗಲ್ಲ. ಕತ್ತಲಲ್ಲಿ ನೀರಿನ ಸೆಳೆತ ನೋಡಿ, ಕಾದು, ಈಗ ಅಂತ ಹೇಳಿದವನದು. ಅವನು ಈಗ ಅಂದಾಗ ಬಿಳಿಯರು ನೀರಿಗೆ ಇಳಿದರು.

ಅವನ ಹೆಸರನ್ನು ಮಿಲಿಟರಿ ಕ್ರಾಸ್ ಪದಕಕ್ಕೆ ಶಿಫಾರಸು ಮಾಡಿದ್ದರು ಅಂತ ಜೊತೆಯ ಅಧಿಕಾರಿಯೊಬ್ಬ ಅಣ್ಣ ಎಡ್ವರ್ಡ್‌ಗೆ ಬರೆದ. ಪದಕ ಬರಲಿಲ್ಲ. ಅದನ್ನು ಈಗಲಾದರೂ ಕೊಡಿ ಅಂತ ಅಲ್ಲಿನ ಜನ ವರ್ಷಗಟ್ಟಲೆ ಸರಕಾರವನ್ನು ಕೇಳಿದ್ದಾರೆ. ಕೇಳುವುದು ತಪ್ಪಲ್ಲ. ಆದರೆ ಅವನಿಗಿಂತ ಹಿಂದಿನ ಆರ್ಥರ್ ವಾರ್ಟನ್ ನೆನಪಾಗುತ್ತಾನೆ. ಇಂದಿನ ಘಾನಾದ ಆಕ್ರಾದಲ್ಲಿ ಹುಟ್ಟಿ, 1886ರಲ್ಲಿ ನೂರು ಗಜವನ್ನು ಹತ್ತು ಸೆಕೆಂಡಿನಲ್ಲಿ ಓಡಿ, ಸಂಬಳದ ಗೋಲ್‌ಕೀಪರ್ ಆಗಿ ಆಡಿ, ಆಮೇಲೆ ಕಲ್ಲಿದ್ದಲು ಗಣಿಯಲ್ಲಿ ದುಡಿದು 1930ರಲ್ಲಿ ಬಡವನಾಗಿ ಸತ್ತ. ಅವನ ಗೋರಿಗೆ ಹೆಸರಿನ ಕಲ್ಲು ಬಿದ್ದದ್ದು 1997ರಲ್ಲಿ. ಗಣಿಯಲ್ಲಿ ಸವೆದವನಿಗೆ ಯಾವ ಪದಕದ ಶಿಫಾರಸೂ ಇಲ್ಲ.

ಟಲ್‌ಗೂ 1999ರಲ್ಲಿ ನಾರ್ಥಾಂಪ್ಟನ್ ಕ್ಲಬ್ಬಿನ ಮೈದಾನದ ಬಳಿ ಕಲ್ಲು ನಿಲ್ಲಿಸಿದರು. ಅಲ್ಲಿ ಬರೆದಿರುವುದು ತಾಳ್ಮೆಯ ಮಾತಲ್ಲ, ಅವನು ಅಡ್ಡಗೋಡೆಗಳನ್ನು ಅಣಕಿಸಿದವನು, ಎದುರಿಸಿದವನು ಅಂತ ಇದೆ. ತೊಂಬತ್ತು ವರ್ಷದಲ್ಲಿ ಸಂತ ಹೋರಾಟಗಾರನಾದ. ಎರಡನೆಯದು ನನಗೆ ಮೊದಲಿನದಕ್ಕಿಂತ ಹಿಡಿಸುತ್ತದೆ, ಸುಳ್ಳು ಯಾಕೆ ಹೇಳಲಿ. ಆದರೂ ಕಲ್ಲಿಗೂ ಒಂದು ಸರ್ಟಿಫಿಕೇಟು ಬೇಕೇ ಬೇಕಾಯಿತಲ್ಲ ಅನ್ನಿಸುತ್ತದೆ. ಹುಟ್ಟಿದ ವರ್ಷ, ಸತ್ತ ವರ್ಷ, ಇಂಥ ಜಾಗದಲ್ಲಿ ಇಷ್ಟು ಪಂದ್ಯ ಆಡಿದ ಅಂತ ಬರೆದು ಬಿಡಬಹುದಿತ್ತು.

1918ರ ಮಾರ್ಚಿ 25. ಫ್ರಾನ್ಸಿನ ಬಾಪೋಮ್ ಬಳಿಯ ಫಾವ್ರೆಯ್ ಹಳ್ಳಿ. ಜರ್ಮನರು ಮುನ್ನುಗ್ಗುತ್ತಿದ್ದರು, ಇವರು ಹಿಂದೆ ಸರಿಯುತ್ತಿದ್ದರು. ಟಲ್‌ಗೆ ಗುಂಡು ಬಿತ್ತು. ಅವನ ದಳದಲ್ಲಿ ಟಾಮ್ ಬಿಲ್ಲಿಂಗ್‌ಹ್ಯಾಮ್ ಎಂಬ ಸಾಮಾನ್ಯ ಸಿಪಾಯಿ ಇದ್ದ, ಮುಂಚೆ ಲೆಸ್ಟರ್ ಕ್ಲಬ್ಬಿನ ಗೋಲ್‌ಕೀಪರ್. ಅವನೂ ಇನ್ನೂ ಕೆಲವರೂ ಸುರಿಯುವ ಗುಂಡಿನ ನಡುವೆ ಟಲ್‌ನ ದೇಹವನ್ನು ಹೊತ್ತು ತರಲು ನೋಡಿದರು. ಆಗಲಿಲ್ಲ, ಬಿಟ್ಟು ಬರಬೇಕಾಯಿತು. ದೇಹ ಸಿಗಲೇ ಇಲ್ಲ. ಅರಾಸ್ ಊರಿನ ಸ್ಮಾರಕದ ಗೋಡೆಯ ಮೇಲೆ, ಗೋರಿ ಇಲ್ಲದವರ ಸಾಲಿನಲ್ಲಿ, ಅವನ ಹೆಸರಿದೆ.